ಗಾಜಿನಾಚೆಯ ಹಾಡು

ಹಾಡಿದ್ದೆನೋ ಇಲ್ಲವೋ ಎಂಬ ಒಂದೇ ಪ್ರಶ್ನೆ ಕ್ಲಾರಿಸ್ಸಾಬಾಯಿಯನ್ನು ಬೆಳಗಿನಿಂದ ಹಲ್ಲಿನ ಸಂದಿಗೆ ಸಿಕ್ಕ ಮೀನಿನ ಮುಳ್ಳಿನ ಹಾಗೆ ಕಾಡುತ್ತಿತ್ತು. ಬೇಡ ಬೇಡವೆಂದರೂ ನಾಲಗೆ ಅತ್ತಲೇ ಹೋಗುತ್ತಿತ್ತು. ಲಂಡನ್ನಿನ ಇಲ್ಫರ್ಡಿನ ಸಾಲುಮನೆಯ ಮುಂದಿನ ಕೋಣೆಯಲ್ಲಿ ಹೀಟರಿನ ಪಕ್ಕ ಕೂತು ಅವಳು ಚಹಾಕ್ಕೆ ಬಿಸ್ಕತ್ತು ಅದ್ದಿದ್ದಳು, ಅದು ಮುರಿದು ಕಪ್ಪಿನ ತಳ ಸೇರಿದ್ದೂ ಗೊತ್ತಾಗಿರಲಿಲ್ಲ. ಅಡುಗೆಮನೆಯಲ್ಲಿ ಮಗಳು ಪೆಟ್ರೀಷಿಯಾ ಫೋನಿನಲ್ಲಿ ಯಾರನ್ನೋ ಕರೆಯುತ್ತಿದ್ದಳು. ಶನಿವಾರ ಸಂಜೆ, ಸ್ಟ್ರಾಟ್‌ಫರ್ಡಿನ ಹಾಲ್, ಕಾಪಿ ತಿಂಡಿ ಉಂಟು, ಹಳೆ ಕಾಲದ ಟೀವಿಯಲ್ಲಿ ಮಮ್ಮಿ ಕುಣಿದದ್ದನ್ನು ತೋರಿಸುತ್ತಾರೆ, ನಮ್ಮ ಮದುವೆಮನೆಯ ರೋಸಿನ ಹಾಡನ್ನು ಇಂಗ್ಲೆಂಡಿನ ಟೀವಿಯಲ್ಲಿ ಹಾಡಿದವರು ಬೇರೆ ಯಾರಿದ್ದಾರೆ ಹೇಳಿ ನೋಡುವ, ಎಂದೆಲ್ಲ. ವಾರದಿಂದ ಇದೇ ಮಾತು, ಇದೇ ಉತ್ಸಾಹ. ಸಾಯಲಿ ಅತ್ತ ಈ ಉತ್ಸಾಹ, ಎಂದುಕೊಂಡು ಕ್ಲಾರಿಸ್ಸಾಬಾಯಿ ತಕ್ಷಣ ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡಳು. ಬಾಯಿಂದ ಬಂದ ಮಾತಿಗೆ ಹೆದರುವ ಅಭ್ಯಾಸ ಅವಳಿಗೆ ಬಹಳ ಹಳೆಯದು.

ಆಗಿನ ಟೀವಿ ಗಾಳಿಯಲ್ಲಿ ಹೋಗಿ ಗಾಳಿಯಲ್ಲೇ ಕರಗುವಂಥದ್ದು ಎಂದು ಅವಳು ನಂಬಿದ್ದಳು. ಸ್ಟುಡಿಯೋದಲ್ಲಿ ಕುಣಿದದ್ದು ಅದೇ ಕ್ಷಣ ಜನರ ಕೋಣೆಯಲ್ಲಿ ಕಾಣಿಸಬೇಕು, ಮುಗಿಯಬೇಕು, ಅಷ್ಟೇ. ಎಲ್ಲಿ ತಪ್ಪಿತು, ಯಾರ ಮುಖ ಹೇಗಿತ್ತು ಎಂದು ಆಮೇಲೆ ನೋಡುವವರಿಲ್ಲ. ಆ ಧೈರ್ಯದ ಮೇಲೆ ಅರುವತ್ತು ಚಿಲ್ಲರೆ ವರ್ಷ ಕಳೆದಳು. ಈಗ ನೋಡಿದರೆ ಯಾವನೋ ಪುಣ್ಯಾತ್ಮ ಅಂದು ಟೀವಿಯ ಪರದೆಗೆ ಎದುರಾಗಿ ಸಿನಿಮಾ ಕ್ಯಾಮೆರಾ ಇಟ್ಟು ಆ ಐದಾರು ನಿಮಿಷವನ್ನು ರೀಲಿನಲ್ಲಿ ಹಿಡಿದಿಟ್ಟಿದ್ದನಂತೆ. ಹಳೆಯ ಚಿತ್ರಗಳನ್ನು ಕಾಪಾಡುವ ಕಚೇರಿಯಲ್ಲಿ ಕೆಲಸ ಮಾಡುವ ಹುಡುಗಿ, ಕುಂದಾಪುರದವರ ಮಗಳು ಪ್ರೇಕ್ಷಾ, ತುಕ್ಕು ಹಿಡಿದ ಡಬ್ಬಿಯಲ್ಲಿ ಅದನ್ನು ಕಂಡು, ಹೇಗೋ ವಿಚಾರಿಸಿ ಪೆಟ್ರೀಷಿಯಾಳನ್ನು ಹಿಡಿದಿದ್ದಳು. ಶನಿವಾರಕ್ಕೆ ಮೊದಲು ಅಜ್ಜಿ ಒಮ್ಮೆ ನೋಡಿ ಯಾರು ಯಾರು ಎಂದು ಹೇಳಲಿ ಎಂದು ಇವತ್ತು ಅದನ್ನು ಲ್ಯಾಪ್‌ಟಾಪಿನಲ್ಲಿ ತರುವವಳಿದ್ದಳು. ಸತ್ತವರನ್ನು ಗುರುತು ಹಿಡಿಯಲು ಆಸ್ಪತ್ರೆಯವರು ಕರೆಯುತ್ತಾರಲ್ಲ, ಹಾಗೆ.

ಸ್ಪೇನ್ ದೇಶವನ್ನು ಅವಳು ಇವತ್ತಿನವರೆಗೂ ನೋಡಿಲ್ಲ. ಮಂಗಳೂರಿನ ಬಿಜೈಯಿಂದ ಹಡಗು ಹತ್ತಿ ನರ್ಸಿಂಗ್ ಕಲಿಯಲು ಬಂದವಳು, ಕ್ಯಾಮ್ಡನ್ನಿನ ಒಂದು ನೆಲಮಾಳಿಗೆಯ ಕಿಟಕಿಯಿಂದ ಹಿಮ್ಮಡಿ ಕುಟ್ಟುವ ಸದ್ದು ಕೇಳಿ ನಿಂತಳು, ಅಷ್ಟೇ ಆದದ್ದು. ಅಂತರ್ಯುದ್ಧದಲ್ಲಿ ದೇಶ ಬಿಟ್ಟು ಓಡಿಬಂದ ಸ್ಪೇನಿನ ಮುದುಕಿಯೊಬ್ಬಳು ಅಲ್ಲಿ ತನ್ನ ನಾಡಿನ ಫ್ಲಮೆಂಕೊ ಕುಣಿತ ಕಲಿಸುತ್ತಿದ್ದಳು. ಎಲ್ಲರೂ ಅವಳನ್ನು ಮಾಯೆಸ್ತ್ರಾ, ಎಂದರೆ ಟೀಚರ್, ಎನ್ನುತ್ತಿದ್ದರು. ಹಣ್ಣು ಕೀಳು, ಕಚ್ಚು, ಬಿಸಾಡು, ಎಂದು ಮಣಿಕಟ್ಟು ತಿರುಗಿಸಿ ತೋರಿಸುವಳು. ಇಂಗ್ಲಿಷ್ ಹುಡುಗಿಯರಿಗೆ ವರ್ಷ ಹಿಡಿದದ್ದು ಕ್ಲಾರಿಸ್ಸಾಳ ಕೈಗೆ ಒಂದು ಚಳಿಗಾಲದಲ್ಲಿ ಬಂತು. ಬಣ್ಣವಿತ್ತು, ಕೂದಲಿತ್ತು, ಕಣ್ಣಿತ್ತು. ಹೆಸರಂತೂ ಮುತ್ತಜ್ಜಂದಿರ ಕಾಲದಲ್ಲಿ ಯಾರೋ ಪಾದ್ರಿ ತಲೆಗೆ ನೀರು ಹಾಕಿ ಕೊಟ್ಟದ್ದು ಇದ್ದೇ ಇತ್ತು. ಕ್ಲಾರಿಸ್ಸಾ ಡಿಸೋಜ ಹೋಗಿ ಕ್ಲಾರಾ ದೆ ಸೋಸಾ ಆಗಲು ಒಂದು ಮಧ್ಯಾಹ್ನ ಸಾಕಾಯಿತು. ಪಕ್ಕದಲ್ಲಿ ಗಿಟಾರ್ ಹಿಡಿದು ಕೂರುವ ‘ಪಾಕೋ’ ಕ್ರಾಯ್ಡನ್ನಿನ ಪ್ಲಂಬರನ ಮಗ, ಅವನೂ ಅಷ್ಟೇ ಸ್ಪೇನಿನವನು. ಟೀವಿಯವರು ಕುಣಿಯಲು ಕರೆದರು. ಅವರ ಸ್ಟುಡಿಯೋದಲ್ಲಿ ಬಿಳಿ ಬಟ್ಟೆ ಕ್ಯಾಮೆರಾದ ಕಣ್ಣು ಕುಕ್ಕುತ್ತದೆಂದು ಅವಳ ಲಂಗದ ನೆರಿಗೆಗಳನ್ನೆಲ್ಲ ಚಹಾದ ನೀರಿನಲ್ಲಿ ಅದ್ದಿ ಒಣಗಿಸುತ್ತಿದ್ದರು. ನೆಲ ಸದ್ದು ನುಂಗುತ್ತದೆಂದು ಹಲಗೆ ಹಾಸುತ್ತಿದ್ದರು. ನಿನ್ನ ಇಂಗ್ಲಿಷ್ ಬಹಳ ಚೆನ್ನಾಗಿದೆ, ಅದು ಆಗುವುದಿಲ್ಲ, ಸ್ವಲ್ಪ ಮುರಿದು ಮಾತಾಡು ಎಂದು ನಿರ್ಮಾಪಕ ಹೇಳಿದ್ದ. ಬಿಜೈಯ ಸಿಸ್ಟರುಗಳು ಬೆತ್ತ ಹಿಡಿದು ನೇರ ಮಾಡಿದ ಇಂಗ್ಲಿಷನ್ನು ಅವಳು ಕನ್ನಡಿಯ ಮುಂದೆ ನಿಂತು ಮುರಿದಳು. ನಾಚಿಕೆಯಾಯಿತೇ? ಆಗ ಆಗಲಿಲ್ಲ. ಮಳೆಯಲ್ಲಿ ತೊಯ್ದ ನಮ್ಮ ಮನೆಗೆ ಸ್ಪೇನಿನ ಬಿಸಿಲು ತಂದಿರಿ ಎಂದು ಜನ ಹೊಗಳುತ್ತಿದ್ದರು, ಅದು ರುಚಿಯಾಗಿತ್ತು.

ಆದರೆ ತಾಯಿಯ ವಿಷಯ ಬೇರೆ. ಮನೆಯವರ ಬಗ್ಗೆ ನಿರ್ಮಾಪಕ ಕೇಳಿದಾಗ, ಅಪ್ಪ ಇಲ್ಲ ಎಂಬ ನಿಜದ ಬೆನ್ನಿಗೇ, ಅಮ್ಮ ಯುದ್ಧದಲ್ಲಿ ಸತ್ತಳು ಎಂದುಬಿಟ್ಟಳು. ಅದು ಮಾಯೆಸ್ತ್ರಾಳ ತಾಯಿಯ ಸಾವು. ಗೋಡೆಗೆ ನಿಲ್ಲಿಸಿ ಗುಂಡು ಹೊಡೆದರೆಂದು ಮುದುಕಿ ಒಮ್ಮೆ ಬೂಟಿನ ದಾರ ಕಟ್ಟುತ್ತ ಹೇಳಿದ್ದಳು. ಇನ್ನೊಬ್ಬರ ತಾಯಿಯ ಸಾವನ್ನು ಕದ್ದು ತನ್ನ ತಾಯಿಗೆ ಹೊದಿಸಿದ್ದು! ಬಿಜೈಯಲ್ಲಿ ಅವಳ ತಾಯಿ ನತಾಲಿಯಾಬಾಯಿ ಆ ಹೊತ್ತಿಗೆ ಹೆಂಚಿನ ಕಾರ್ಖಾನೆಯಲ್ಲಿ ತಲೆಯ ಮೇಲೆ ಹೆಂಚು ಹೊತ್ತು ನಡೆಯುತ್ತಿದ್ದಳು, ಭಾನುವಾರ ಮೊದಲ ಪೂಜೆಗೆ ಹೋಗಿ ಲಂಡನ್ನಿನ ಮಗಳಿಗಾಗಿ ಮೇಣದಬತ್ತಿ ಹಚ್ಚುತ್ತಿದ್ದಳು. ಕೆಟ್ಟದ್ದು ಆಡಬೇಡಿ ಮಕ್ಕಳೇ, ಮೇಲೆ ಅಸ್ತು ದೇವತೆಗಳು ತಿರುಗುತ್ತಿರುತ್ತಾರೆ, ಯಾವ ಹೊತ್ತಿಗೆ ಅಸ್ತು ಅಂತಾರೋ ಗೊತ್ತಿಲ್ಲ ಎಂದು ಶಾಲೆಯಲ್ಲಿ ಕನ್ನಡ ಕಲಿಸುತ್ತಿದ್ದ ವೈದೇಹಿ ಟೀಚರ್ ಹೇಳುತ್ತಿದ್ದರು. ಕ್ರೈಸ್ತರ ಮಕ್ಕಳಿಗೆ ಆ ದೇವತೆಗಳು ಲಾಗೂ ಆಗುವುದಿಲ್ಲವೆಂದು ಅವಳು ಆಗ ಜಂಬದಿಂದ ತಿಳಿದಿದ್ದಳು. ಸುಳ್ಳು ಹೇಳಿ ತಿಂಗಳು ತುಂಬಿರಲಿಲ್ಲ, ದೊಡ್ಡ ಕಾರ್ಯಕ್ರಮದ ದಿನ ಮಧ್ಯಾಹ್ನ ಫ್ಲೇವಿಯನ್ ಸ್ಟುಡಿಯೋದ ಬಾಗಿಲಿಗೆ ಬಂದ.

ಫ್ಲೇವಿಯನ್ ಊರಿನ ಹುಡುಗ, ಲಂಡನ್ನಿನ ರೈಲ್ವೆ ಕ್ಯಾಂಟೀನಿನಲ್ಲಿ ಅಡುಗೆ ಕೆಲಸ. ಕ್ಲಾರಿಸ್ಸಾಳ ವಿಳಾಸ ಗೊತ್ತಿಲ್ಲದ ಮನೆಯವರು ತಂತಿಯನ್ನು ಅವನ ಹಾಸ್ಟೆಲಿಗೆ ಕಳಿಸಿದ್ದರು. ಏಪ್ರನ್ನಿನ ಮೇಲೆಯೇ ಕೋಟು ಹಾಕಿಕೊಂಡು ಓಡಿಬಂದಿದ್ದ. ಮೇಕಪ್ಪಿನವಳು, ಪಾಕೋ, ನಿರ್ಮಾಪಕ, ಎಲ್ಲರೂ ಅಲ್ಲೇ ಸಿಗರೇಟು ಸೇದುತ್ತ ನಿಂತಿದ್ದರು. ಫ್ಲೇವಿಯನ್ ಟೋಪಿ ತೆಗೆದು ಕೊಂಕಣಿಯಲ್ಲಿ, ಕ್ಲಾರಿಸ್ಸಾ, ಮಾಂಯ್ ಹೋದರು, ನಿನ್ನ ಅಮ್ಮ, ಜ್ವರ ತಲೆಗೆ ಏರಿತಂತೆ, ಎಂದ. ಎಲ್ಲರೂ ಅವಳ ಮುಖ ನೋಡಿದರು. ಅವಳು ಮುರಿದ ಇಂಗ್ಲಿಷಿನಲ್ಲಿ, ಈ ಮನುಷ್ಯನನ್ನು ನಾನು ಅರಿಯೆ ಎಂದಳು. ಅವನು ತಪ್ಪಾಯಿತು ಮೇಡಂ ಎಂದು ಇಂಗ್ಲಿಷಿನಲ್ಲಿ ಹೇಳಿ ಟೋಪಿ ಹಾಕಿಕೊಂಡು ಹೋದ. ಪವಿತ್ರ ವಾರದಲ್ಲಿ ಚರ್ಚಿನಲ್ಲಿ ಯೇಸುವನ್ನು ಅರಿಯೆನೆಂದ ಪೇತ್ರನ ಭಾಗ ಓದುವಾಗ ಇಂದಿಗೂ ಅವಳ ಮೈ ಬೆವರುತ್ತದೆ. ಆಮೇಲೆ ಅವಳ ಗಂಡನಾದ ಫ್ಲೇವಿಯನ್ ಬದುಕಿದ್ದವರೆಗೂ ಆ ಸಾಲು ಬರುವಾಗ ಸರಿಯಾಗಿ ಕೆಮ್ಮುತ್ತಿದ್ದ. ಅವನ ಗಂಟಲಿಗೆ ಪಾಪ ಏನೂ ಆಗಿರಲಿಲ್ಲ.

ಇಷ್ಟು ಎಲ್ಲರಿಗೂ ಗೊತ್ತಿದೆ. ಮುಚ್ಚಿಟ್ಟದ್ದೇನಲ್ಲ. ಮನೆಯಲ್ಲಿ ಯಾವ ಹಬ್ಬಕ್ಕೆ ನೆಂಟರು ಸೇರಿದರೂ ಊಟವಾದ ಮೇಲೆ ಫ್ಲೇವಿಯನ್ ಈ ಕಥೆ ಹೇಳುವುದಿತ್ತು. ಬಾಗಿಲಿನಲ್ಲಿ ಆದದ್ದನ್ನು ಬೇಗ ಬೇಗ ದಾಟಿಸಿ ಆಮೇಲಿನದ್ದಕ್ಕೆ ಬರುತ್ತಿದ್ದ. ಸಂಜೆ ರೇಡಿಯೋ ಅಂಗಡಿಯವನು ಬಾಗಿಲು ಹಾಕಿ ಹೋಗಿದ್ದ, ಆದರೆ ಗಾಜಿನ ಹಿಂದೆ ಟೀವಿ ಓಡುತ್ತಿತ್ತು, ನಾನು ಚಳಿಯಲ್ಲಿ ಹೊರಗೆ ನಿಂತು ನೋಡಿದೆ, ಎನ್ನುತ್ತಿದ್ದ. ಕುಣಿತದ ನಡುವೆ ಗಿಟಾರ್ ನಿಂತು ಬರೀ ಚಪ್ಪಾಳೆ ಉಳಿಯುವ ಜಾಗದಲ್ಲಿ ಇವಳು ತಲೆಯೆತ್ತಿ ನಮ್ಮ ವೊವಿಯೊ ಹಾಡಿದಳು. ಮದುವೆಯ ಮುನ್ನಾದಿನ ಮದುಮಗಳಿಗೆ ತೆಂಗಿನ ಹಾಲು ಎರೆಯುವ ರೋಸಿನಲ್ಲಿ ಹೆಂಗಸರು ಹಾಡುವ ಹಾಡು ಅದು. ಅದರಲ್ಲಿ ಮದುಮಗಳ ತಾಯಿಯ ಹೆಸರು ಬರುವ ಒಂದು ಸಾಲು ಇದೆ. ಇವಳ ಅಕ್ಕನ ರೋಸಿನಲ್ಲಿ ವಿಧವೆಯಾದ ತಾಯಿ ಹಾಲು ಎರೆಯುವ ಹಾಗಿರಲಿಲ್ಲ. ಅಡುಗೆಮನೆಯ ಬಾಗಿಲ ಹಿಂದೆ ತೆಂಗಿನಕಾಯಿ ಹಿಂಡುತ್ತ ನಿಂತವಳಿಗೆ ಆ ಸಂಭ್ರಮದಲ್ಲಿ ಸಿಕ್ಕ ಪಾಲು ಎಂದರೆ ಹಾಡಿನಲ್ಲಿ ಬಂದ ತನ್ನ ಹೆಸರು ಮಾತ್ರ. ಆ ಹೆಸರನ್ನು ಇವಳು ಇಡೀ ಇಂಗ್ಲೆಂಡಿಗೆ ಕೇಳಿಸಿದಳು, ಇವಳ ಬಾಯಿ ಆಡುವುದನ್ನು ನಾನೇ ನೋಡಿದೆ ಎಂದು ಅವನು ಮೇಜು ತಟ್ಟುವಾಗ ನೆಂಟರ ಹೆಂಗಸರು ಕಣ್ಣೊರೆಸಿಕೊಳ್ಳುತ್ತಿದ್ದರು. ಮಾಡಿದ ಪಾಪ ದೊಡ್ಡದು, ತೀರಿಸಿದ್ದೂ ದೊಡ್ಡದು, ಲೆಕ್ಕ ಚುಕ್ತಾ. ಆ ಹಾಡಿನ ಬಲದಲ್ಲಿ ಅವಳು ತಲೆಯೆತ್ತಿ ಬದುಕಿದಳು, ಅದರ ಬಲದಲ್ಲೇ ಅವನನ್ನು ಮದುವೆಯಾದಳು, ಕುಣಿತ ಬಿಟ್ಟು ಶಾಲೆಯ ಅಡುಗೆಮನೆಯಲ್ಲಿ ಆಲೂಗಡ್ಡೆ ಸುಲಿದಳು. ಅವನು ತೀರಿಹೋಗಿ ನಾಲ್ಕು ವರ್ಷವಾಯಿತು. ಕಥೆ ಹೇಳುವವರಿಲ್ಲದ ಮೇಲೆ ಒಂದು ದಿನ ಸಿಂಕಿನ ಮುಂದೆ ನಿಂತಿದ್ದಾಗ ಅವಳಿಗೆ ಅನಿಸಿತು, ಅದನ್ನು ಹಾಡಿದ ನೆನಪು ಗಂಟಲಿನಲ್ಲಿ ಇಲ್ಲ, ಕಿವಿಯಲ್ಲಿ ಮಾತ್ರ ಇದೆ. ಅದೂ ಅವನ ಧ್ವನಿಯಲ್ಲಿ.

ಪ್ರೇಕ್ಷಾ ಬಂದಾಗ ಪೆಟ್ರೀಷಿಯಾ ಬಾಗಿಲಲ್ಲೇ ಅವಳನ್ನು ತಬ್ಬಿಕೊಂಡಳು. ಮನೆಯಲ್ಲಿ ತಾಯಿ ಮಗಳು ಕೊಂಕಣಿ ಆಡಿದರೂ ಈ ಹುಡುಗಿಗಾಗಿ ಕನ್ನಡಕ್ಕೆ ಹೊರಳಿದರು. ಅವಳಿಗೆ ಕನ್ನಡ ಪೂರ್ತಿ ತಿಳಿಯುತ್ತಿತ್ತು, ಬಾಯಿಗೆ ಬರುವುದು ಮಾತ್ರ ಇಂಗ್ಲಿಷ್. ಸಣ್ಣ ಮುಖ, ದೊಡ್ಡ ಕನ್ನಡಕ, ಬೆನ್ನಿಗೆ ಶಾಲೆಯ ಮಕ್ಕಳ ಹಾಗೆ ಚೀಲ. ಮುದುಕಿಯ ಕಾಲು ಮುಟ್ಟಲು ಬಗ್ಗಿದಳು. ಯಾಕೆ ಬಗ್ಗುತ್ತೀ ಮಗಾ, ನಾನು ಎಂತ ಮಾಡಿದ್ದೇನೆಂದು ಆ ಡಬ್ಬಿಯಲ್ಲಿ ನೋಡಲಿಲ್ಲವಾ ಎಂದು ಕೇಳಬೇಕೆನಿಸಿತು ಕ್ಲಾರಿಸ್ಸಾಬಾಯಿಗೆ. ಕೇಳದೆ, ಚಹಾ ಕುಡಿಯುತ್ತೀಯಾ ಎಂದಳು. ನೀನು ಪೂರ್ತಿ ನೋಡಿದ್ದೀಯಾ ಎಂದು ಪೆಟ್ರೀಷಿಯಾ ವಿಚಾರಿಸಿದಳು. ನನ್ನ ಕೆಲಸ ಬಂದ ಡಬ್ಬಿಗಳನ್ನು ಬರೆದಿಡುವುದು, ಸ್ಕ್ಯಾನ್ ಮಾಡಿದವರು ಬೇರೆ, ಮೊದಲ ಎರಡು ನಿಮಿಷ ನೋಡಿ ಹೆಸರು ಓದಿದೆ, ಉಳಿದದ್ದನ್ನು ಅಜ್ಜಿಯ ಜೊತೆಗೇ ನೋಡಬೇಕೆಂದು ಬಿಟ್ಟೆ ಎಂದಳು ಹುಡುಗಿ. ಎಷ್ಟು ಒಳ್ಳೆಯ ಮಗು, ಎಂದಳು ಪೆಟ್ರೀಷಿಯಾ.

ಲ್ಯಾಪ್‌ಟಾಪಿನ ಧ್ವನಿ ಸಣ್ಣದು, ಮಮ್ಮಿಗೆ ಕೇಳಲಿಕ್ಕಿಲ್ಲ, ಮೇಲೆ ನನ್ನ ರೂಮಿನಲ್ಲಿ ದೊಡ್ಡ ಸ್ಪೀಕರ್ ಉಂಟು ಎಂದು ಪೆಟ್ರೀಷಿಯಾ ಮೆಟ್ಟಿಲು ಹತ್ತಿದಳು. ಪ್ರೇಕ್ಷಾ ವಯರು ಸಿಕ್ಕಿಸಲು ಜಾಗ ಹುಡುಕುತ್ತಿದ್ದವಳು ಎಲ್ಲಿ ಒತ್ತಿದಳೋ, ಧ್ವನಿಯಿಲ್ಲದೆಯೇ ಚಿತ್ರ ಓಡತೊಡಗಿತು. ಸಾರಿ ಎಂದು ನಿಲ್ಲಿಸಲು ಹೋದ ಕೈಯನ್ನು ಕ್ಲಾರಿಸ್ಸಾಬಾಯಿ ಹಿಡಿದಳು. ಇರಲಿ, ಓಡಲಿ. ಬೂದು ಬಣ್ಣದ ಮಸುಕಿನಲ್ಲಿ ಒಂದು ಹುಡುಗಿ ಬಂದು ನಿಂತಳು. ಚಹಾದಲ್ಲಿ ಅದ್ದಿದ ನೆರಿಗೆಗಳು ಬೆಳ್ಳಗೆ ಕಂಡವು. ಅಬ್ಬಾ, ಏನು ಕುಣಿತ ಅದು. ಬೆನ್ನು ಎಷ್ಟು ನೆಟ್ಟಗಿದೆ, ಮೊಣಕೈ ಎಲ್ಲಿಯೂ ಸೋಲುವುದಿಲ್ಲ. ಒಂದು ಗಳಿಗೆ ಅವಳಿಗೆ ಎಲ್ಲ ಮರೆತು ಹೆಮ್ಮೆಯಾಯಿತು, ಕಂಬಳಿಯೊಳಗೆ ಪಾದ ತಾನಾಗಿ ಅಲುಗಿತು. ಮಧ್ಯಾಹ್ನ ತಾಯಿ ಸತ್ತ ಸುದ್ದಿ ಕೇಳಿದ ಹುಡುಗಿ ಎಂದು ಯಾರೂ ಹೇಳಲಾರರು. ಪಾಕೋ ಗಿಟಾರ್ ಮೇಲಿಂದ ಕೈ ಎತ್ತಿದ. ಆ ಜಾಗ ಬಂತು. ಹಿಂದೆ ಕೂತವರ ಚಪ್ಪಾಳೆ ಮಾತ್ರ ಕಾಣುತ್ತಿತ್ತು. ಕ್ಯಾಮೆರಾ ಮುಖದ ಹತ್ತಿರ ಬಂತು, ಹುಡುಗಿ ತಲೆಯೆತ್ತಿದಳು. ಬಾಯಿ ಮುಚ್ಚಿಯೇ ಇತ್ತು. ತುಟಿಗೆ ತುಟಿ ಅಂಟಿಸಿದಂತೆ ಬಿಗಿಯಾಗಿ, ಕೆಳದವಡೆ ಒತ್ತಿ ಹಿಡಿದು, ಆ ಚಪ್ಪಾಳೆ ಮುಗಿಯುವವರೆಗೂ ಅವಳು ನೇರ ಕ್ಯಾಮೆರಾವನ್ನು ನೋಡುತ್ತ ನಿಂತಿದ್ದಳು. ಮತ್ತೆ ಗಿಟಾರ್ ಶುರುವಾಯಿತು.

ಬಾಯಿ ತೆರೆದದ್ದು ಕೊನೆಯಲ್ಲಿ. ಕುಣಿತ ಮುಗಿದು ನಿರೂಪಕ ಕುರ್ಚಿ ಎಳೆದುಕೊಂಡು ಏನೋ ಕೇಳುತ್ತಾನೆ, ಹುಡುಗಿ ಬೀಸಣಿಗೆ ಮಡಚಿ ಮಂದಹಾಸ ಮಾಡಿ ಉತ್ತರ ಹೇಳುತ್ತಾಳೆ. ಏನು ಹೇಳುತ್ತಿದ್ದಾಳೆಂದು ಧ್ವನಿಯಿಲ್ಲದೆಯೂ ಕ್ಲಾರಿಸ್ಸಾಬಾಯಿಗೆ ತಿಳಿಯಿತು. ಆದರೆ ಆಗ ಅವಳನ್ನು ತಟ್ಟಿದ್ದು ಆ ಮಾತಲ್ಲ. ತಾನೀಗ ನೋಡಿದ್ದು ಫ್ಲೇವಿಯನ್ ನೋಡಿದ್ದನ್ನೇ. ಅಂಗಡಿಯ ಗಾಜಿನ ಹೊರಗೆ ಅವನಿಗೂ ಧ್ವನಿ ಕೇಳಿಸಿರಲಿಲ್ಲ. ಧ್ವನಿ ಕೇಳಿಸದವನಿಗೆ ಬಾಯಿ ಇನ್ನೂ ಚೆನ್ನಾಗಿ ಕಾಣುತ್ತದೆ. ಈ ಮುಚ್ಚಿದ ಬಾಯನ್ನು ಅವನು ಚಳಿಯಲ್ಲಿ ನಿಂತು ಕಣ್ಣಾರೆ ನೋಡಿದ್ದ.

ಹಾಗಾದರೆ ಹಾಡು ಎಲ್ಲಿಂದ ಬಂತು? ಕಾರ್ಯಕ್ರಮವಾದ ಮೇಲೆ ನತಾಲಿಯಾಬಾಯಿಯ ಹೆಸರಿನಲ್ಲಿ ಅವನು ಚರ್ಚಿನಲ್ಲಿ ಒಂದು ಪೂಜೆ ಹೇಳಿಸಿದ್ದ, ಮಗಳಿಗೆ ಸುದ್ದಿ ಮುಟ್ಟುವ ಹಾಗೆ ಮಾಡಿದ್ದ. ಅವಳು ತಡವಾಗಿ ಹೋಗಿ ಹಿಂದಿನ ಬೆಂಚಿನಲ್ಲಿ ಕೂತಿದ್ದಳು. ಪೂಜೆ ಮುಗಿದು ಚರ್ಚಿನ ಮೆಟ್ಟಿಲ ಮೇಲೆ, ಅವನ ಮುಖ ನೋಡುವ ತ್ರಾಣವಿಲ್ಲದೆ ಅವಳು ಅವನ ಬೂಟು ನೋಡುತ್ತ ನಿಂತಾಗ, ಅವನು ಮೆಲ್ಲಗೆ, ಆವತ್ತು ನಡುವಿನಲ್ಲಿ ನೀನು ಮಾಂಯಿಯ ಹೆಸರು ಹಾಡಿದ್ದಿ ಅಲ್ವಾ ಕ್ಲಾರಿಸ್ಸಾ, ಎಂದು ಕೇಳಿದ. ಕೇಳಿದನೇ? ಅದು ಪ್ರಶ್ನೆಯಾಗಿರಲಿಲ್ಲ. ಮುಳುಗುವವಳಿಗೆ ಹಗ್ಗ ಎಸೆದ ಹಾಗೆ ಎಸೆದಿದ್ದ. ಅವಳು ಹೂಂ ಎಂದಳು. ಅವಳು ಹೇಳಿದ್ದು ಅಷ್ಟೇ, ಒಂದು ಹೂಂ. ಉಳಿದದ್ದನ್ನೆಲ್ಲ ಅವನು ಕಟ್ಟಿದ, ವರ್ಷ ವರ್ಷವೂ ನೆಂಟರ ಮುಂದೆ ಮೇಜು ತಟ್ಟಿ ಕಟ್ಟಿದ. ಸುಳ್ಳು ಆಡಿದರೆ ನಾಲಗೆಗೆ ಹುಣ್ಣಾಗುತ್ತದೆ ಎಂದು ಪೆಟ್ರೀಷಿಯಾಳಿಗೆ ಹೇಳುತ್ತಿದ್ದ ಮನುಷ್ಯ. ಒಂದೇ ಒಂದು ಸಲವೂ, ಆ ಹಾಡು ನನಗೊಮ್ಮೆ ಹಾಡು ಕ್ಲಾರಿಸ್ಸಾ ಎಂದು ಅವನು ಕೇಳಿರಲಿಲ್ಲ. ತನ್ನ ಹಾಡು ಅವನಿಗೆ ಬೇಡವಾಯಿತೇ ಎಂದು ಅವಳು ಒಳಗೊಳಗೇ ಮುನಿಸಿಕೊಂಡಿದ್ದೂ ಉಂಟು. ದೇವರೇ, ಎಂಥ ಮೂರ್ಖೆ ನಾನು.

ಸ್ಪೀಕರ್ ಬಂತು. ಪೆಟ್ರೀಷಿಯಾ ಕುರ್ಚಿ ಎಳೆದು ತಾಯಿಯ ಕೈ ಹಿಡಿದು ಕೂತಳು. ಮೊದಲಿಂದ ಹಾಕಿದರು. ಹಿಮ್ಮಡಿಯ ಸದ್ದು ಕೋಣೆ ತುಂಬಿತು. ಗಿಟಾರ್ ನಿಂತಿತು, ಚಪ್ಪಾಳೆ ಬಂತು, ಚಪ್ಪಾಳೆ ಹೋಯಿತು. ಪೆಟ್ರೀಷಿಯಾಳ ಹಿಡಿತ ಸಡಿಲವಾಗುವುದು ಮುದುಕಿಯ ಬೆರಳುಗಳಿಗೆ ತಿಳಿಯಿತು. ಆಮೇಲೆ ನಿರೂಪಕ ನಿಮ್ಮ ತಾಯಿ ನಿಮ್ಮನ್ನು ನೋಡಿ ಎಷ್ಟು ಹೆಮ್ಮೆಪಡುತ್ತಿರಬಹುದು ಎಂದ. ಮೈ ಮದರ್, ಶಿ ಈಸ್ ಡೆಡ್, ಮೆನಿ ಇಯರ್ಸ್, ಇನ್ ದ ವಾರ್, ಎಂದಿತು ಮುರಿದ ಇಂಗ್ಲಿಷಿನ ಎಳೆಯ ಧ್ವನಿ. ಯಾವ ನಡುಕವೂ ಇರಲಿಲ್ಲ. ಚಿತ್ರ ಮುಗಿಯಿತು.

ನಡುವಿನಲ್ಲಿ ಎಲ್ಲೋ ತುಂಡಾಗಿದೆ ಅಲ್ವಾ ಎಂದು ಪೆಟ್ರೀಷಿಯಾ ಕೇಳಿದಳು. ಪ್ರೇಕ್ಷಾ ತಲೆ ತಗ್ಗಿಸಿ, ಇಲ್ಲ ಆಂಟಿ, ಇಟ್ಸ್ ಕಂಪ್ಲೀಟ್ ಎಂದಳು. ಹೊರಗೆ ಬಸ್ಸೊಂದು ನಿಂತು ಹೋಯಿತು. ಆಮೇಲೆ ಪೆಟ್ರೀಷಿಯಾ ಎದ್ದು ನಿಂತು ಬೇಗ ಬೇಗ ಮಾತಾಡತೊಡಗಿದಳು. ಎಲ್ಲರಿಗೂ ಹೇಳಿ ಆಗಿದೆ, ಫಾದರ್ ಬರುತ್ತಾರೆ, ಎಜ್‌ವೇರಿನಿಂದ ಸಿಲ್ವೆಸ್ಟರ್ ಮಾವನವರು ವೀಲ್‌ಚೇರಿನಲ್ಲಿ ಬರುತ್ತಾರೆ, ಎಲ್ಲರೂ ಕಾಯುವುದು ಆ ಹಾಡಿಗೆ. ಮಮ್ಮಿ ಈಗ ಹಾಡಲಿ, ಫೋನಿನಲ್ಲಿ ಹಿಡಿದು ಆ ಚಪ್ಪಾಳೆಯ ಮೇಲೆ ಕೂರಿಸಲಿಕ್ಕೆ ಆಗುವುದಿಲ್ಲವಾ? ಆಗುತ್ತದೆ, ಆದರೆ, ಎಂದು ಪ್ರೇಕ್ಷಾ ಕನ್ನಡಕ ಸರಿಮಾಡಿಕೊಂಡಳು. ಎಂತ ಆದರೆ, ಆ ಮಸುಕಿನಲ್ಲಿ ಬಾಯಿ ಯಾರಿಗೆ ಕಾಣುತ್ತದೆ, ಎಂದಳು ಪೆಟ್ರೀಷಿಯಾ. ಮೇಜಿನ ಮೇಲೆ ಫೋನಿಟ್ಟು, ರೆಕಾರ್ಡ್ ಒತ್ತಿ, ತಾಯಿಯ ಮುಂದೆ ಮೊಣಕಾಲೂರಿದಳು.

"ಎರಡು ಸಾಲು ಸಾಕು ಮಮ್ಮಿ. ಡ್ಯಾಡಿಗೋಸ್ಕರ."

ಕ್ಲಾರಿಸ್ಸಾಬಾಯಿ ಮಗಳ ಮುಖ ನೋಡಿದಳು. ಮಗಳ ಕೂದಲೂ ಬೆಳ್ಳಗಾಗಿದೆ. ಹಾಡು ನಾಲಗೆಯ ತುದಿಗೆ ಬಂದಿತ್ತು, ಸುಳ್ಳಲ್ಲ. ಸಾಲುಗಳು ಒಂದೂ ಮರೆತಿರಲಿಲ್ಲ. ಅಡುಗೆಮನೆಯ ಬಾಗಿಲ ಹಿಂದೆ ಹಾಲಿನ ಕೈ ಒರೆಸಿಕೊಳ್ಳುತ್ತ ನಿಂತ ತಾಯಿ ತನ್ನ ಹೆಸರು ಬರುವುದನ್ನು ಕಾಯುತ್ತಿದ್ದದ್ದೂ ಕಣ್ಣಿಗೆ ಕಟ್ಟಿತು. ಈಗ ಹಾಡಿದರೆ ಯಾರಿಗೆ ಏನು ನಷ್ಟ? ಶನಿವಾರ ಜನ ಅಳುತ್ತಾರೆ, ಫಾದರ್ ಆಶೀರ್ವಾದ ಮಾಡುತ್ತಾರೆ, ಕಥೆ ಕಥೆಯ ಹಾಗೆ ಉಳಿಯುತ್ತದೆ. ಅವಳು ಉಸಿರು ತೆಗೆದುಕೊಂಡಳು. ಲ್ಯಾಪ್‌ಟಾಪಿನಲ್ಲಿ ಚಿತ್ರ ತಾನಾಗಿ ಮತ್ತೆ ಮೊದಲಿಂದ ಶುರುವಾಗಿತ್ತು, ಆ ಹುಡುಗಿ ಬಂದು ನಿಂತು ಲಂಗ ಹಿಡಿದಿದ್ದಳು. ಕ್ಲಾರಿಸ್ಸಾಬಾಯಿ ಕೈ ಚಾಚಿ ಫೋನನ್ನು ಬೋರಲು ಹಾಕಿದಳು.

"ಬೇಡ. ಹೇಗೆ ಉಂಟೋ ಹಾಗೆ ತೋರಿಸಲಿ. ನಾನು ಬರ್ತೇನೆ, ಮುಂದಿನ ಸಾಲಿನಲ್ಲೇ ಕೂತ್ಕೊಳ್ತೇನೆ."

ಪೆಟ್ರೀಷಿಯಾ ನೆಲದ ಮೇಲೆಯೇ ಕೂತಳು. ಸಿಟ್ಟೋ ಅಳುವೋ ತಿಳಿಯದ ಧ್ವನಿಯಲ್ಲಿ ಕೊಂಕಣಿಯಲ್ಲಿ ಕೇಳಿದಳು.

"ಹಾಗಾದರೆ ಡ್ಯಾಡಿ ಅಷ್ಟು ವರ್ಷ ನೋಡಿದೆ ನೋಡಿದೆ ಅಂತ ಹೇಳಿದ್ದು ಎಂತದ್ದು? ಅವರು ನೋಡಿದ್ದು ಎಂತದ್ದು ಮಮ್ಮಿ?"

ಪರದೆಯ ಮೇಲೆ ಗಿಟಾರ್ ನಿಂತಿತು. ಚಪ್ಪಾಳೆಯ ನಡುವೆ ಹುಡುಗಿ ಬಾಯಿ ಬಿಗಿಹಿಡಿದು ಇತ್ತಲೇ ನೋಡುತ್ತಿದ್ದಳು.

"ಇದನ್ನೇ," ಎಂದಳು ಕ್ಲಾರಿಸ್ಸಾಬಾಯಿ.